ಯಾವ ಮೀನಿಗೆ

ದಕ್ಕೆಯ ಗೇಟಿನ ಎಡಕ್ಕೆ, ಹಗ್ಗದ ಅಂಗಡಿಯ ಪಕ್ಕ
ನನ್ನ ಸಾಣೆಕಲ್ಲು. ನಲವತ್ತು ವರ್ಷ
ಅಂಜಲ್ ಕೊಯ್ಯುವ ಕತ್ತಿ, ಸಿಗಡಿಯವರ ಚಾಕು,
ಐಸ್ ಪ್ಲಾಂಟಿನ ಕೊಕ್ಕೆ,
ಹರಿತ ಹೋದದ್ದೆಲ್ಲ ನನ್ನ ಮುಂದೆ ಬಂದು ಕೂತಿದೆ.

ಒಂದು ಸಂಜೆ ಜೆಪ್ಪುವಿನ ಹುಡುಗ, ಮೆಲ್ರಿಕ್ ಕುಟಿನ್ಹಾ,
ಐಸ್ ಪ್ಲಾಂಟಿನ ಸಿಲ್ವೆಸ್ಟರನ ಮಗ,
ಹಳೆ ಬನಿಯನ್ನಿನಲ್ಲಿ ಸುತ್ತಿ ಒಂದು ಜೋಡಿ ಬೂಟು ತಂದ.
ಇಷ್ಟು ದಿನ ಮಣ್ಣಗುಡ್ಡೆಯಲ್ಲಿ ಚಕ್ರದ ಮೇಲೆ ಓಡಿದವ.
ಇದರ ಅಡಿಯಲ್ಲಿ ಚಕ್ರ ಇಲ್ಲ, ಕತ್ತಿ.
"ಇಸುಬು ಕಾಕ, ಇದನ್ನು ಹರಿತ ಮಾಡಿ ಕೊಡ್ತೀರಾ?"
"ಯಾವ ಮೀನಿಗೆ?" ಎಂದೆ.
ನಕ್ಕ. ಆಗ ಅವನಿಗೆ ಹಲ್ಲೆಲ್ಲ ಇತ್ತು.

ರಾತ್ರಿ ಪ್ಲಾಂಟಿನೊಳಗೆ ಗಡ್ಡೆಗೆ ಗಡ್ಡೆ ತಾಗಿಸಿ
ಹತ್ತು ಹೆಜ್ಜೆ ಉದ್ದದ ದಾರಿ ಮಾಡಿಕೊಟ್ಟನಂತೆ ಅಪ್ಪ.
ಬೆಳಿಗ್ಗೆ ಬೋಟಿಗೆ ಹೋದ ಐಸಿನ ಮೇಲೆಲ್ಲ
ಉದ್ದುದ್ದ ಗೀರು.
ಬಂಗುಡೆಗೆ ಅದರಿಂದ ಏನೂ ಆಗಲಿಲ್ಲ.

ಕತ್ತಿಗೆ ಒಂದು ಬಾಯಿ. ಇದಕ್ಕೆ ಎರಡು,
ನಡುವೆ ಒಂದು ಇರುವೆ ನಡೆಯುವಷ್ಟು ಓಣಿ.
ಮೊದಲ ಸಲ ಕೆಡಿಸಿದೆ. ಲೇಹಿನಿಂದ ಫೋನು:
"ಕಾಕ, ಹಿಡಿಯುವುದೇ ಇಲ್ಲ, ಸೀದಾ ಗೋಡೆಗೆ ಹೋಗ್ತದೆ."
ಎರಡನೇ ಸಲ ಕಲ್ಲಿನ ಅಂಚನ್ನೇ ಕೆತ್ತಿ ದುಂಡು ಮಾಡಿದೆ.
ಆಮೇಲೆ ಫೋನಿಲ್ಲ.
ಸರಿಯಾದದ್ದಕ್ಕೆ ಯಾರು ಫೋನು ಮಾಡ್ತಾರೆ.

ಆಟ ನನಗೆ ತಿಳಿಯದು. ಮೊಬೈಲಿನಲ್ಲಿ ಒಮ್ಮೆ ತೋರಿಸಿದರು,
ಚೆಂಡೇ ಕಾಣಲಿಲ್ಲ. ಅದು ಚೆಂಡಲ್ಲವಂತೆ,
ಬೂಟ್ ಪಾಲಿಶಿನ ಡಬ್ಬಿಯಷ್ಟು ಕರಿ ರಬ್ಬರು.
ನನಗೆ ಗೊತ್ತಿದ್ದದ್ದು ಅಲಗು.
ಎಡಗಾಲಿನ ಒಳಬಾಯಿ ಮೊದಲು ಸವೆಯುತ್ತಿತ್ತು:
ಎಡಗಡೆಯಿಂದ ನುಗ್ಗಿ ಒಳಕ್ಕೆ ಹೊರಳುವವ,
ಮುಂದಿನ ಸಾಲಿನವ, ಕಾದು ಕೂರುವ ಜಾತಿಯಲ್ಲ.
ಹಿಮ್ಮಡಿಯ ಕಡೆ ಕಚ್ಚು ಬಿದ್ದ ವರ್ಷ
ಹಿಂದಿನಿಂದ ಯಾರೋ ಬಂದು ಬಿದ್ದಿದ್ದಾರೆ.

ಹಂಗೇರಿಯ ಕ್ಲಬ್ಬೊಂದು ಸಂಬಳ ಕೊಟ್ಟು ಕರೆಯಿತು.
ಆ ಊರಿನ ಹೆಸರು ಸಿಲ್ವೆಸ್ಟರನ ಬಾಯಲ್ಲಿ
ಪ್ರತಿ ಸಲ ಬೇರೆ ಊರಾಗುತ್ತಿತ್ತು.
ಅಲ್ಲಿ ಸಾಣೆಗೆ ಮೆಷಿನ್ ಉಂಟಂತೆ, ಎರಡೇ ನಿಮಿಷ.
ಆದರೂ ಜೂನಿನಲ್ಲಿ, ಬೋಟೆಲ್ಲ ದಡಕ್ಕೆ ಕಟ್ಟಿ
ನನಗೂ ಕೆಲಸ ಇಲ್ಲದ ಎರಡು ತಿಂಗಳು,
ಅವನಿಗೂ ರಜೆ; ಬನಿಯನ್ನಿನ ಗಂಟು ಬರುತ್ತಿತ್ತು.

ಐದು ಸೀಸನ್. ಮೂವತ್ತೊಂದು ಗೋಲು.
ಪ್ಲಾಂಟಿನ ಹಾಜರಿ ಪುಸ್ತಕದ ಹಿಂದಿನ ಹಾಳೆಯಲ್ಲಿ
ಅಪ್ಪ ಬರೆದಿಟ್ಟ ಲೆಕ್ಕ.
ಎರಡು ಹಲ್ಲು, ಅದು ನಾನು ಇಟ್ಟ ಲೆಕ್ಕ.

ಆರನೇ ಮಳೆಗಾಲ ಗಂಟು ಬಿಚ್ಚಿದೆ.
ಬಲಗಾಲಿನ ಅಲಗು ಹೆಚ್ಚುಕಡಿಮೆ ಹೊಸತು.
ಎಡದ್ದು ಎರಡು ಕಾಲಿನ ಕೆಲಸ ಮಾಡಿ
ತೆಳ್ಳಗಾಗಿ ನನ್ನ ಕಡೆ ನೋಡುತ್ತಿತ್ತು.
"ಮೊಣಕಾಲಾ?" ಎಂದೆ, ಮೆಲ್ಲ.
"ಅಪ್ಪನಿಗೆ ಹೇಳ್ಬೇಡಿ."
ಸಿಲ್ವೆಸ್ಟರ್ ಅಲ್ಲೇ ಕೊಡೆ ಹಿಡಿದು ನಿಂತಿದ್ದ.
ಬಲದ್ದನ್ನೂ ಕಲ್ಲಿಗೆ ಕೊಟ್ಟೆ, ತಾಗಿಯೂ ತಾಗದ ಹಾಗೆ,
ಸುಮ್ಮನೆ ಕಿಡಿ ಹಾರಿಸಿದೆ.
ಎರಡಕ್ಕೂ ದುಡ್ಡು ತೆಗೆದುಕೊಂಡೆ.
ನಲವತ್ತು ವರ್ಷದಲ್ಲಿ ಮಾಡಿದ ಮೋಸ ಅದೊಂದೇ.

ಈಗ ಮಣ್ಣಗುಡ್ಡೆಯಲ್ಲಿ ಮಕ್ಕಳಿಗೆ ಕಲಿಸುತ್ತಾನೆ,
ಚಕ್ರದ ಮೇಲೆ. ಚಕ್ರಕ್ಕೆ ಸಾಣೆ ಬೇಡ.
ಬೂಟು ನನ್ನ ಮೊಳೆಗೆ ನೇತುಹಾಕಿ ಹೋದ,
ತೆಗೆದುಕೊಂಡು ಹೋಗುತ್ತೇನೆ ಅಂದ ಮಾತು ಹಾಗೇ ಉಂಟು.
ಮೀನು ಮಾರುವ ಬೇಬಿಯಕ್ಕ ಕತ್ತಿ ಕೊಡುತ್ತಾ ಕೇಳಿದಳು,
"ಅದು ಯಾವ ಮೀನಿಗೆ ಬ್ಯಾರಿ?"
ನಮ್ಮ ಕಡಲಿನದ್ದಲ್ಲ, ಎಂದೆ.

ಉಪ್ಪುಗಾಳಿ, ಎಂಟು ದಿನಕ್ಕೆ ತುಕ್ಕು.
ಶುಕ್ರವಾರ ನಮಾಜಿಗೆ ಹೊರಡುವ ಮೊದಲು
ಎಣ್ಣೆಬಟ್ಟೆ ತೆಗೆದು ಒರೆಸುತ್ತೇನೆ.
ಎಡದ್ದನ್ನು ಒಂದು ಸಲ.
ಬಲದ್ದನ್ನು ಎರಡು ಸಲ,
ಅದರಲ್ಲಿ ಇನ್ನೂ ತುಂಬ ಉಕ್ಕು ಬಾಕಿ ಉಂಟು.